ಧಾರೆಯ ಹೊತ್ತಿಗೆ

ಹೊಳೆನರಸೀಪುರ
೧೧ ಫೆಬ್ರವರಿ ೨೦೨೫

ಚೆನ್ನಯ್ಯ ಮೇಷ್ಟ್ರಿಗೆ ಶ್ರೀರಂಗಮ್ಮ ಮಾಡುವ ನಮಸ್ಕಾರಗಳು.

ಮೊಮ್ಮಕ್ಕಳ ಮದುವೆಯ ಮಾತುಕತೆಗೆಂದು ಶನಿವಾರ ನಿಮ್ಮ ಮಲ್ಲಿಪಟ್ಟಣಕ್ಕೆ ಬಂದು ಹೋದ ಮುದುಕಿ, ಮಂಗಳವಾರಕ್ಕೇ ಕಾಗದ ಬರೆಯಲು ಕೂತಿದ್ದಾಳಲ್ಲ, ಮಾತು ಮುರಿಯುವುದಕ್ಕಿರಬೇಕು ಎಂದು ಗಾಬರಿಯಾಗಬೇಡಿ. ಮುರಿದಿರುವುದು ನನ್ನ ಕಿವಿಯ ಮಿಷನ್ನು ಮಾತ್ರ. ನಾವು ಕಾರು ಹತ್ತುವಾಗ ನೀವು ಗೇಟಿನ ಹತ್ತಿರ ಏನೋ ಹೇಳಿದಿರಿ, ನಾನು ಜೋರಾಗಿ ನಕ್ಕೆ. ನಗುವಂಥ ಮಾತಾಗಿತ್ತೋ ಇಲ್ಲವೋ ಎಂಬ ಚಿಂತೆಯಲ್ಲಿ ಮೂರು ದಿನ ಕಳೆದೆ. ನನ್ನ ಹತ್ತಿರ ಫೋನಿನಲ್ಲಿ ಮಾತಾಡುವುದೆಂದರೆ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ. ಆದ್ದರಿಂದ ದಯವಿಟ್ಟು ಬರೆಯಿರಿ. ಅರವತ್ತರ ದಶಕದಲ್ಲಿ ಮೈಸೂರಿಗೆ ಹೋಗಿ ಬಿ.ಎ. ಮಾಡಿದವಳು ನಾನು, ಓದುವುದಕ್ಕೆ ಬರುತ್ತದೆ. ಅಕ್ಷರಗಳು ಕಿವುಡರನ್ನು ಕಂಡು ಗೊಣಗುವುದಿಲ್ಲ.

ನಮ್ಮೂರಲ್ಲಿ ಹೊಳೆಯೂ ಇದೆ, ನರಸಿಂಹನೂ ಇದ್ದಾನೆ. ಏನೂ ಹೊಳೆಯದೆ ಕೂತಿರುವವನು ನನ್ನ ಮಗ ಲಕ್ಷ್ಮೀನರಸಿಂಹ ಒಬ್ಬನೇ. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಸಂಸ್ಕೃತ ಹೇಳಿಕೊಟ್ಟವನಿಗೆ, ಮಗ ಹೀಗೊಂದು ಸಮಾಸ ಮಾಡಿಕೊಂಡು ಬರುತ್ತಾನೆ ಎಂದು ಗೊತ್ತಿರಲಿಲ್ಲ. ನನಗೇನೋ ಕೇದಾರ ಹುಟ್ಟಿದಾಗಲೇ ಅನುಮಾನವಿತ್ತು. ನರಸಿಂಹನ ಮನೆಯಲ್ಲಿ ಕೇದಾರನಾಥನ ಹೆಸರಿಟ್ಟುಕೊಂಡು ಹುಟ್ಟಿದವನು ನಮ್ಮ ದಾರಿಯನ್ನೇ ಹಿಡಿಯುತ್ತಾನೆಯೇ? ಈಗ ಹಾಸನದ ಕೃಷಿ ಕಾಲೇಜಿನಲ್ಲಿ ಅವನು ಮಣ್ಣಿನ ಡಾಕ್ಟರು, ಚನ್ನರಾಯಪಟ್ಟಣದಲ್ಲಿ ನಿಮ್ಮ ಶೋಭಿತಾ ದನದ ಡಾಕ್ಟರು. ಇಬ್ಬರ ನಡುವೆ ಹುಲ್ಲು ಬೆಳೆಯದಿದ್ದರೆ ಆಶ್ಚರ್ಯ.

ನಿಮ್ಮ ಮನೆಯಾಕೆ ಮಾಯಮ್ಮನವರು ಅಷ್ಟೆಲ್ಲ ಅಡುಗೆ ಮಾಡಿ ಕಾದಿದ್ದರು. ಅವತ್ತು ಏಕಾದಶಿ. ನಾನು ಬಾಳೆಹಣ್ಣು ತಿಂದು ಎದ್ದುಬಿಟ್ಟೆ. ಅವರಿಗೆ ಬೇಸರವಾಗಿರಬಹುದು, ಸಮಾಧಾನ ಹೇಳಿ.

ನಿಮ್ಮ ಕಡೆಯ ಮದುವೆ ಹೇಗಿರುತ್ತದೆ, ತಿಳಿಸಿ. ನನಗೆ ಗೊತ್ತಿಲ್ಲ. ಗೊತ್ತಿಲ್ಲದ ವಿಷಯದ ಬಗ್ಗೆ ನನ್ನ ಮಗ ಉಪನ್ಯಾಸ ಕೊಡುತ್ತಾನೆ, ನಾನು ಪ್ರಶ್ನೆ ಕೇಳುತ್ತೇನೆ.

ಇಂತಿ,
ಶ್ರೀರಂಗಮ್ಮ


ಮಲ್ಲಿಪಟ್ಟಣ
೧೯ ಫೆಬ್ರವರಿ ೨೦೨೫

ಮಾನ್ಯ ಶ್ರೀರಂಗಮ್ಮನವರಿಗೆ,
ನಮೋ ಬುದ್ಧಾಯ.

ಗೇಟಿನ ಹತ್ತಿರ ನಾನು ಹೇಳಿದ್ದು, ‘ಕಾರಿನ ಬಾಗಿಲು ತಗ್ಗಾಗಿದೆ, ತಲೆ ಜೋಪಾನ’ ಎಂದು. ನೀವು ನಕ್ಕಿರಿ. ಹಿಂದೆಯೇ ನಿಮ್ಮ ಮಗ ತಲೆ ಬಡಿಸಿಕೊಂಡರು. ಆದ್ದರಿಂದ ನಗು ಸರಿಯಾದ ಜಾಗದಲ್ಲೇ ಬಿತ್ತು.

ನಾನು ಹೆಡ್ಮಾಷ್ಟರಾಗಿ ನಿವೃತ್ತನಾದವನು, ಸುತ್ತು ಹಾಕಿ ಬರೆಯುವ ಅಭ್ಯಾಸವಿಲ್ಲ. ಯೌವನದಲ್ಲೇ ಬೌದ್ಧ ದೀಕ್ಷೆ ತೆಗೆದುಕೊಂಡೆ. ನಮ್ಮ ಮನೆಯ ಮದುವೆಗಳಲ್ಲಿ ಅಗ್ನಿ ಇಲ್ಲ, ಮುಹೂರ್ತ ಇಲ್ಲ. ಬುದ್ಧ ಮತ್ತು ಬಾಬಾಸಾಹೇಬರ ಪಟದ ಮುಂದೆ ದೀಪ ಹಚ್ಚುತ್ತೇವೆ. ಭಂತೇಜಿ, ಎಂದರೆ ನಮ್ಮ ಭಿಕ್ಷುಗಳು, ತ್ರಿಶರಣ, ಪಂಚಶೀಲ ಹೇಳಿಸುತ್ತಾರೆ. ಹುಡುಗ ಹುಡುಗಿ ಇಬ್ಬರೂ ಬಿಳಿ ಉಡುತ್ತಾರೆ. ಅಕ್ಷತೆಗೆ ಅಕ್ಕಿ ಹಾಳು ಮಾಡದೆ ಹೂವಿನ ಎಸಳು ಹಾಕುತ್ತೇವೆ. ಮುಖ್ಯವಾದ ಮಾತು: ಕನ್ಯಾದಾನ ಇಲ್ಲ. ಶೋಭಿತಾ ದಾನ ಕೊಡುವ ವಸ್ತುವಲ್ಲ. ಇದೊಂದರಲ್ಲಿ ನಾನು ಸಡಿಲ ಬಿಡಲಾರೆ.

ದಿನ ನಮ್ಮ ಕಡೆಯಿಂದ ವೈಶಾಖ ಹುಣ್ಣಿಮೆ, ಮೇ ಹನ್ನೆರಡು. ಸ್ಥಳ ಹಾಸನದ ಒಂದು ಸಮುದಾಯ ಭವನ. ಎರಡು ಮನೆಗೂ ನಡುವೆ. ನಮ್ಮ ಮಗ ನಾಗೇಶ್ ವಿಚಾರಿಸಿ ಬಂದಿದ್ದಾನೆ.

ನಿಮ್ಮ ಕಡೆಯಿಂದ ಏನು ಬೇಕೇ ಬೇಕು, ಅದನ್ನೂ ನೇರವಾಗಿ ಬರೆಯಿರಿ. ಮಾಯಮ್ಮನಿಗೆ ಬೇಸರವಿಲ್ಲ. ‘ಆಯಮ್ಮ ಮುಂದ್ಲ ಸಾರಿ ಬರಾಗ ಏಕಾದಸಿನ ಮನೇಲೇ ಬುಟ್ಟು ಬರ್ಲಿ’ ಎನ್ನುತ್ತಾಳೆ.

ಚೆನ್ನಯ್ಯ


ಹೊಳೆನರಸೀಪುರ
೨೮ ಫೆಬ್ರವರಿ ೨೦೨೫

ಮೇಷ್ಟ್ರೇ,

ನಿಮ್ಮ ಕಾಗದವನ್ನು ಮಗನಿಗೆ ಓದಿ ಹೇಳಿದೆ. ‘ಅಗ್ನಿ ಇಲ್ಲ’ ಎಂಬಲ್ಲಿ ಅವನ ಮುಖ ಆರಿತು. ‘ಮುಹೂರ್ತ ಇಲ್ಲ’ ಎಂಬಲ್ಲಿ ಗಡಿಯಾರ ನೋಡಿಕೊಂಡ. ವೈಶಾಖ ಹುಣ್ಣಿಮೆ ಎಂದಾಗ ಮಾತ್ರ ಪಂಚಾಂಗ ತೆಗೆದು ಸ್ವಲ್ಪ ಚೇತರಿಸಿಕೊಂಡ. ಏಕೆ ಗೊತ್ತೇ? ಅದರ ಹಿಂದಿನ ದಿನವೇ ನರಸಿಂಹ ಜಯಂತಿ. ಚತುರ್ದಶಿಯ ಸಂಜೆ ಕಂಬ ಒಡೆದು ಗರ್ಜಿಸಿದವನು, ಬೆಳಗಾದರೆ ಮರದ ಕೆಳಗೆ ಕಣ್ಣು ಮುಚ್ಚಿ ಕೂತಿರುತ್ತಾನೆ. ಪಂಚಾಂಗ ಬರೆದವರಿಗೆ ನಮ್ಮ ಬೀಗತನ ಮೊದಲೇ ಗೊತ್ತಿತ್ತೆಂದು ತೋರುತ್ತದೆ. ಬೀಗರೆಂದರೆ ಬೀಗುವವರು ಎಂದು ತಿಳಿದಿದ್ದೆ, ಈಗ ನೋಡಿದರೆ ಬೀಗ ತೆಗೆಯುವವರು.

ಅವನಿಗೆ ಬೇಕಾದದ್ದು ಎರಡೇ. ನಾಗಸ್ವರ ಮತ್ತು ಧಾರೆ. ಧಾರೆಯಿಲ್ಲದ ಮದುವೆಯನ್ನು ಅವನ ನಾಲಿಗೆ ಮದುವೆ ಎಂದು ಕರೆಯಲು ಒಪ್ಪುತ್ತಿಲ್ಲ. ನಿಮಗೆ ದಾನ ಆಗದು, ಅವನಿಗೆ ಧಾರೆ ಬೇಕು. ನೀವಿಬ್ಬರೂ ಮೇಷ್ಟ್ರುಗಳು, ಒಂದು ಪದಕ್ಕೆ ಇನ್ನೊಂದು ಅರ್ಥ ಹುಡುಕುವುದು ನಿಮಗೇನು ಕಷ್ಟ? ಬೀಗರೂಟ ಮಲ್ಲಿಪಟ್ಟಣದಲ್ಲೇ ಆಗಲಿ, ನಮ್ಮ ಪಂಕ್ತಿಗೆ ಮಾತ್ರ ಕೋಳಿಯ ಜಾಗದಲ್ಲಿ ಕೋಸು ಕೂರಲಿ.

ನೀವು ಬಿಳಿ ಎಂದಿರಿ. ನಮ್ಮ ಮನೆಗಳಲ್ಲಿ ಮದುಮಗಳಿಗೆ ಬಿಳಿಯ ನೆರಳೂ ತಾಗಗೊಡುವುದಿಲ್ಲ. ಅದು ಬೇರೆಯವರ ಬಣ್ಣ. ಆದರೆ ಮೊನ್ನೆ ಮಧ್ಯಾಹ್ನ ಜಗಲಿಯ ಮೇಲೆ ಕಣ್ಣು ಅಂಟಿಕೊಂಡಾಗ ಒಂದು ಕನಸು ಬಿತ್ತು. ಹೇಮಾವತಿಯ ಬಂಡೆಗಳ ಮೇಲೆ ಉದ್ದಕ್ಕೂ ಬಿಳಿ ಸೀರೆಗಳನ್ನು ಒಣಹಾಕಿದ್ದಾರೆ. ಯಾರವೆಂದು ಗೊತ್ತಿಲ್ಲ. ನಾನು ಮಡಿಚಿಡೋಣವೆಂದು ಒಂದೊಂದರ ಅಂಚನ್ನು ಎತ್ತುತ್ತೇನೆ, ಎತ್ತಿದ್ದೆಲ್ಲ ಬೆಳ್ಳಕ್ಕಿಯಾಗಿ ಹಾರಿಹೋಗುತ್ತದೆ. ಕೊನೆಗೆ ಉಳಿದ ಒಂದು ಸೀರೆಯನ್ನು ನಿಮ್ಮ ಶೋಭಿತಾ ಉಟ್ಟುಕೊಂಡು ನೀರಿನ ಮೇಲೆ ನಡೆದು ಬರುತ್ತಿದ್ದಾಳೆ, ಕೈಯಲ್ಲಿ ಕರುವಿಗೆ ಚುಚ್ಚುವ ಸಿರಿಂಜು. ಎಚ್ಚರವಾದಾಗ ಎಷ್ಟು ಹಗುರವಾಗಿತ್ತೆಂದರೆ, ನಾನೂ ಎಲ್ಲಾದರೂ ಹಾರಿಹೋಗಿದ್ದೇನೆಯೇ ಎಂದು ಕೈ ಕಾಲು ಮುಟ್ಟಿ ನೋಡಿಕೊಂಡೆ.

ಶ್ರೀರಂಗಮ್ಮ


ಮಲ್ಲಿಪಟ್ಟಣ
೮ ಮಾರ್ಚ್ ೨೦೨೫

ಶ್ರೀರಂಗಮ್ಮನವರೇ,
ನಮೋ ಬುದ್ಧಾಯ.

ನಿಮ್ಮ ಕನಸನ್ನು ಶೋಭಿತಾಗೆ ಫೋನಿನಲ್ಲಿ ಓದಿದೆ. ಸಿರಿಂಜಿನ ತನಕ ಬಂದಾಗ ಅವಳು ನಕ್ಕು ನಕ್ಕು, ‘ತಾತ, ಅಜ್ಜೀನ ನಾನೇ ಎತ್ತಾಕ್ಕೊಂಡು ಬಂದ್ಬುಡ್ತೀನಿ’ ಎಂದಳು. ಅವಳಿಗೆ ನಿಮ್ಮ ಮೇಲೆ ಬಹಳ ಪ್ರೀತಿ. ಚನ್ನರಾಯಪಟ್ಟಣದ ತೆಂಗಿನ ಮಂಡಿಯಲ್ಲಿ ಧಾರೆಗೆ ಹಿಡಿಯುವ ಕಾಯಿಯನ್ನು ಈಗಲೇ ಆರಿಸಿ ಇಟ್ಟಿದ್ದಾಳೆ. ಎಂದರೆ ನಾನು ಒಪ್ಪುವ ಮೊದಲೇ ಧಾರೆ ತೀರ್ಮಾನವಾಗಿದೆ.

ನಾನು ಮೂರು ದಿನ ಯೋಚಿಸಿದೆ. ಆಮೇಲೆ ಭಂತೇಜಿಯವರನ್ನು ಕೇಳಿದೆ. ನೀರೆರೆದು ಪುಣ್ಯ ಹಂಚಿಕೊಳ್ಳುವ ಪದ್ಧತಿ ಬೌದ್ಧರಲ್ಲೂ ಉಂಟು ಎಂದರು. ಹಾಗಾದರೆ ಹೀಗೆ ಮಾಡೋಣ. ತಂದೆ ಮಗಳನ್ನು ಒಪ್ಪಿಸಿ ಎರೆಯುವುದು ಬೇಡ. ಎರಡು ಮನೆಯ ಹಿರಿಯರು, ಎಂದರೆ ನೀವು ಮತ್ತು ನಾನು, ಇಬ್ಬರ ಜೋಡಿಸಿದ ಕೈಗಳ ಮೇಲೆ ಒಟ್ಟಿಗೆ ನೀರು ಎರೆಯೋಣ. ನಾನು ರಾಮನಾಥಪುರಕ್ಕೆ ಹೋಗಿ ಕಾವೇರಿಯ ನೀರು ತರುತ್ತೇನೆ. ನೀವು ನಿಮ್ಮ ಹೇಮಾವತಿಯದನ್ನು ತನ್ನಿ. ಆ ಎರಡೂ ಹೊಳೆ ಹೇಗೂ ಕನ್ನಂಬಾಡಿಯ ಹಿನ್ನೀರಿನಲ್ಲಿ ಸೇರುತ್ತವೆ. ನಾವು ಸ್ವಲ್ಪ ಮೊದಲೇ ಸೇರಿಸಿದಂತೆ ಆಗುತ್ತದೆ.

ಈ ವಿಚಾರ ಬಂದ ಮೇಲೆ ನನಗೆ ಬೆಳಗಿನ ಹೊತ್ತು ಕಿಟಕಿಯ ಬಳಿ ಕೂತರೆ ಅದೇ ಕಣ್ಣಿಗೆ ಕಟ್ಟುತ್ತದೆ. ನಿಮ್ಮ ಕೈಯಿಂದ ಒಂದು ಎಳೆ, ನನ್ನ ಕೈಯಿಂದ ಒಂದು ಎಳೆ. ನಡುವೆ ಎಲ್ಲೋ ಗಾಳಿಯಲ್ಲೇ ಕೂಡಿಕೊಂಡು ಇಳಿಯುತ್ತವೆ. ಯಾಕೆ ಇದು ನನಗೆ ಇಷ್ಟು ದೊಡ್ಡದಾಗಿ ಕಾಣುತ್ತಿದೆ ಎಂಬುದನ್ನು ಎಂದಾದರೂ ಎದುರಿಗೆ ಕೂತು ಹೇಳುತ್ತೇನೆ. ನೀವು ಒಪ್ಪಿದ್ದೀರಿ ಎಂದೇ ತಿಳಿದಿದ್ದೇನೆ.

ಚೆನ್ನಯ್ಯ


ಹೊಳೆನರಸೀಪುರ
೧೭ ಮಾರ್ಚ್ ೨೦೨೫

ಮೇಷ್ಟ್ರೇ,

ಎರಡು ಹೊಳೆಯ ಉಪಾಯ ಬಹಳ ಧಾರಾಳವಾದದ್ದು. ಧಾರೆಗೂ ಧಾರಾಳಕ್ಕೂ ಸಂಬಂಧವಿದೆಯೇ ಎಂದು ಮಗನನ್ನು ಕೇಳಿದೆ. ಅವನು ಧಾತು ಹುಡುಕಲು ಒಳಗೆ ಹೋದವನು ಇನ್ನೂ ಬಂದಿಲ್ಲ. ಹೇಮಾವತಿಯ ನೀರು ಖಂಡಿತ ಬರುತ್ತದೆ.

ಆದರೆ ಬಿಂದಿಗೆಗೆ ನನ್ನ ಕೈ ಬೇಡ. ನಾನು ಮುಟ್ಟುವುದಿಲ್ಲ. ಲಕ್ಷ್ಮೀನರಸಿಂಹನೋ ಸೊಸೆಯೋ ಎರೆಯಲಿ. ಮದುವೆಯ ಮನೆಯಲ್ಲಿ ನನ್ನ ಜಾಗ ಕೊನೆಯ ಸಾಲು, ಗೋಡೆಯ ಪಕ್ಕದ ಕುರ್ಚಿ. ಅಲ್ಲಿ ಕೂತರೆ ಊಟದ ಮನೆಯ ವಾಸನೆ ಎಲ್ಲರಿಗಿಂತ ಮೊದಲು ನನಗೆ ತಲುಪುತ್ತದೆ. ನಮ್ಮ ಮನೆಯಲ್ಲಿ ಇದೆಲ್ಲ ಹಿಂದಿನಿಂದ ನಡೆದುಬಂದ ಕಟ್ಟುಪಾಡು, ನನ್ನ ವಯಸ್ಸಿನಲ್ಲಿ ಬಿಚ್ಚಲು ಹೋದರೆ ಗಂಟಿನ ಜೊತೆ ಬೆರಳೂ ಬಿಚ್ಚಿಕೊಳ್ಳುತ್ತದೆ. ನಮ್ಮ ಯಜಮಾನರು ಇದ್ದಾಗ ಹೇಳುತ್ತಿದ್ದರು, ಮಡಿ ಎಂದರೆ ಮಡಿಚಿಡಬೇಕಾದದ್ದು ಎಂದು. ಮಡಿಚಿಡುವ ಮೊದಲೇ ಅವರು ಹೋಗಿಬಿಟ್ಟರು. ಆಮೇಲೆ ಆ ಬಟ್ಟೆ ಮಡಿಸಲು ಇನ್ನೊಂದು ತುದಿ ಹಿಡಿಯುವವರಿರಲಿಲ್ಲ.

ಈ ವಿಷಯವನ್ನು ಇಲ್ಲಿಗೇ ಬಿಡೋಣ. ಎಸಳು ಮಲ್ಲಿಗೆಯದೋ ಗುಲಾಬಿಯದೋ, ಅದನ್ನು ಬರೆಯಿರಿ. ಗುಲಾಬಿಯಾದರೆ ಮೊದಲೇ ಹೇಳಿ, ಮಗನಿಗೆ ಅದರ ಘಮಕ್ಕೆ ಸೀನು ಬರುತ್ತದೆ.

ಶ್ರೀರಂಗಮ್ಮ


ಮಲ್ಲಿಪಟ್ಟಣ
೨೬ ಮಾರ್ಚ್ ೨೦೨೫

ಶ್ರೀರಂಗಮ್ಮನವರಿಗೆ,

ನಿಮ್ಮ ಪತ್ರ ತಲುಪಿತು.

ಎದುರಿಗೆ ಕೂತು ಹೇಳಬೇಕೆಂದಿದ್ದನ್ನು ಬರೆದೇ ಹೇಳುತ್ತೇನೆ. ನಾನು ಹುಟ್ಟಿದ ಊರಿನಲ್ಲಿ ಒಂದು ಬಾವಿಯಿತ್ತು. ನಮ್ಮ ಅವ್ವ ಕೊಡ ಹಿಡಿದು ಅದರ ಕಟ್ಟೆಯಿಂದ ದೂರ ನಿಲ್ಲುತ್ತಿದ್ದಳು. ಸೇದುವ ಹಕ್ಕಿದ್ದವರು ಯಾರಾದರೂ ಬಂದು ಮನಸ್ಸು ಮಾಡಿದರೆ, ಅವರ ಕೊಡ ನಮ್ಮ ಕೊಡಕ್ಕೆ ತಾಗದಂತೆ ಎತ್ತರದಿಂದ ನೀರು ಎರೆಯುತ್ತಿದ್ದರು. ಪೂರಾ ತುಂಬಿಸಿದವರೂ ಇದ್ದರು, ಅರ್ಧಕ್ಕೆ ನಿಲ್ಲಿಸಿ ಹೊರಟವರೂ ಇದ್ದರು. ನಾನು ಕಂಡ ಮೊದಲ ಧಾರೆ ಅದು. ಆ ನೀರನ್ನು ಒಂದು ಸಲ ಬೇರೆ ರೀತಿ ಎರೆಯಬೇಕು, ಎರೆಯುವವರು ಇಬ್ಬರೂ ಒಂದೇ ನೆಲದ ಮೇಲೆ ನಿಂತಿರಬೇಕು ಎಂಬುದೊಂದೇ ನನಗೆ ಈ ಮದುವೆಯಲ್ಲಿ ಇದ್ದ ಆಸೆ.

ನೀವು ಮುಟ್ಟುವುದಿಲ್ಲ ಎಂದು ಬರೆದಿರಿ. ಹಿಂದಿನಿಂದ ಬಂದ ಕಟ್ಟುಪಾಡು ಎಂದಿರಿ. ಅದು ಯಾವ ಕಟ್ಟುಪಾಡೆಂದು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಏಕಾದಶಿಯ ದಿನ ನಮ್ಮ ಮನೆಯಲ್ಲಿ ಬಾಳೆಹಣ್ಣನ್ನೇ ಯಾಕೆ ಆರಿಸಿಕೊಂಡಿರಿ ಎಂಬುದೂ ಈಗ ಅರ್ಥವಾಯಿತು. ಅದಕ್ಕೆ ಸಿಪ್ಪೆ ಇರುತ್ತದೆ.

ನಿಮ್ಮ ಹಾಸ್ಯ ಚೆನ್ನಾಗಿದೆ. ಓದಿ ನಗುತ್ತಿದ್ದೆ.

ಮಕ್ಕಳ ಮದುವೆ ನಿಲ್ಲುವುದಿಲ್ಲ. ಧಾರೆ ಇರುವುದಿಲ್ಲ.

ಚೆನ್ನಯ್ಯ


ಹೊಳೆನರಸೀಪುರ
೧೨ ಏಪ್ರಿಲ್ ೨೦೨೫

ಶ್ರೀ ಚೆನ್ನಯ್ಯನವರಿಗೆ,

ತಮ್ಮ ಪತ್ರಕ್ಕೆ ಉತ್ತರಿಸುವುದು ತಡವಾಯಿತು.

ಲಗ್ನಪತ್ರಿಕೆಯ ಕರಡನ್ನು ಕೇದಾರ ಕಳಿಸುತ್ತಾನೆ. ಮದುವೆಗೆ ಮಗ, ಸೊಸೆ ಬರುತ್ತಾರೆ. ನಾನು ಮನೆಯಲ್ಲಿರುತ್ತೇನೆ. ನನ್ನಿಂದ ತಮಗೆ ಮತ್ತೆ ನೋವಾಗುವುದು ಬೇಡ.

ತಮ್ಮ ತಾಯಿಯವರ ಹೆಸರು ಬರೆದಿರಲಿಲ್ಲ. ತಿಳಿಸಿದರೆ ಉಪಕಾರ.

ಶ್ರೀರಂಗಮ್ಮ


ಮಲ್ಲಿಪಟ್ಟಣ
೧೯ ಏಪ್ರಿಲ್ ೨೦೨೫

ಶ್ರೀರಂಗಮ್ಮನವರೇ,

ನಮ್ಮ ತಾಯಿಯ ಹೆಸರು ದ್ಯಾವಮ್ಮ.

ನಿಮ್ಮ ಕಾಗದ ಬಂದ ದಿನ ಮಾಯಮ್ಮ ಅಂಗಳದಲ್ಲಿ ಅವರೆಕಾಳು ಹಸನು ಮಾಡುತ್ತಿದ್ದಳು. ಅವಳಿಗೆ ಓದು ಬರದು. ಇಷ್ಟು ದಿನ ನಿಮ್ಮ ಕಾಗದದಲ್ಲಿ ನಗುವ ಭಾಗಗಳನ್ನಷ್ಟೇ ಓದಿ ಹೇಳುತ್ತಿದ್ದೆ. ಅವತ್ತು ಅವಳೇ, ‘ಯಾಕೆ, ಮೊಕ ಸುಟ್ಟ ಬದ್ನೆಕಾಯಂಗೆ ಮಾಡ್ಕಂಡಿದ್ದೀರಾ, ಎಲ್ಲಾನೂ ಓದ್ರಿ’ ಎಂದು ಕೂರಿಸಿದಳು. ಮಾರ್ಚ್ ತಿಂಗಳದನ್ನೂ ಓದಿದೆ. ನಾನು ಬರೆದ ಉತ್ತರವನ್ನೂ ಹೇಳಿದೆ. ಅವಳು ಮೊರ ಕೆಳಗಿಟ್ಟಳು.

‘ಅಲ್ಲ ಮೇಷ್ಟ್ರೇ, ಊರಿಗೆಲ್ಲ ಪಾಟ ಏಳಿದ್ರಿ, ಇಷ್ಟು ತಿಳೀನಿಲ್ವಾ? ಆಯಮ್ಮ ಗಂಡ ಇಲ್ದೋಳು ಕಣಪ್ಪ. ಒಸಗೆ ಮನೇಲಿ ಗಂಡ ಇಲ್ದೋರ್ನ ಮುಂದಕ್ಕೆ ಬುಟ್ಟಾರಾ? ಅವತ್ತು ನಾ ಅರಿಸ್ನ ಕುಂಕ್ಮದ ತಟ್ಟೆ ತಕ್ಕ ಬಂದ್ರೆ ಆಯಮ್ಮ ಎದ್ದು ತೊಟ್ಟಿ ಕಡೀಕ್ ಓದ್ಲು. ಜಾರ್ಕಂಡು ಓದ್ಲು, ನಗ್ನಗ್ತಾನೇ. ನೀವು ನಿಮ್ ಬೀಗನ್ ಜೊತೆ ರಾಗಿ ರೇಟು ಮಾತಾಡ್ತಾ ಕುಂತಿದ್ರಿ.’

‘ಆಯಮ್ಮ ತನ್ನ ಕೈಗೆ ಎದರ್ಕಂಡವ್ಳೆ. ನೀವು ನಮ್ ಕೈಗೆ ಅಂದ್ಕಂಡ್ರಿ’ ಎಂದು ಹೇಳಿ ಅವಳು ಮತ್ತೆ ಮೊರ ತೆಗೆದುಕೊಂಡಳು.

ಅವಳು ಹೇಳಿದ್ದು ನಿಜವೇ? ನಿಜವಾದರೆ, ನಾನು ಬಾಳೆಹಣ್ಣಿನ ಬಗ್ಗೆ ಬರೆದ ಸಾಲನ್ನು ದಯವಿಟ್ಟು ಹೊಡೆದುಹಾಕಿ. ಒಂದೇ ಗಾಯವನ್ನು ಎಲ್ಲೆಡೆ ಕಾಣುವ ಕಣ್ಣು ನನ್ನದು. ನೀವು ಯಾಕೆ ಒಂದು ಸಾಲಿನಲ್ಲಿ ಹೇಳಿಬಿಡಲಿಲ್ಲ?

ಚೆನ್ನಯ್ಯ


ಹೊಳೆನರಸೀಪುರ
೨೮ ಏಪ್ರಿಲ್ ೨೦೨೫

ಮೇಷ್ಟ್ರೇ,

ಯಾಕೆ ಹೇಳಲಿಲ್ಲ ಎಂದರೆ, ಹೇಳುವ ಅಭ್ಯಾಸವೇ ಇಲ್ಲ. ನಮ್ಮ ಕಡೆ ಇದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ನೋಡಿದರೆ ಗೊತ್ತಾಗುತ್ತದೆ ಎಂದುಕೊಂಡಿರುತ್ತೇವೆ. ನಿಮ್ಮ ಬಾವಿಯ ಕಥೆ ಓದಿದ ಮೇಲಂತೂ ನನ್ನದನ್ನು ಎತ್ತಿ ಅದರ ಪಕ್ಕ ಇಡಲು ನಾಚಿಕೆಯಾಯಿತು. ದ್ಯಾವಮ್ಮನವರು ಅಲ್ಲಿ ಬಿಸಿಲಲ್ಲಿ ನಿಂತಿದ್ದಾಗ, ನಾನು ಇಲ್ಲಿ ನೆರಳಲ್ಲಿ ನಿಂತಿದ್ದೆ. ಎರಡನ್ನೂ ಒಂದೇ ಎನ್ನಲು ನನಗೆ ಮುಖವಿಲ್ಲ. ನೀವು ಸಿಟ್ಟು ಮಾಡಿಕೊಂಡದ್ದೇ ಸರಿ ಎನ್ನಿಸಿ ಸುಮ್ಮನಾದೆ.

ಮಗನ ಮದುವೆಗೆ ಮೂರು ವರ್ಷ ಮುಂಚೆ ಇವರು ಹೋದರು. ಮದುವೆಯ ದಿನ ಧಾರೆಯ ಹೊತ್ತಿಗೆ ನನ್ನ ಓರಗಿತ್ತಿ ಬಂದು, ‘ಅಕ್ಕಾ, ಉಗ್ರಾಣದಲ್ಲಿ ಸಕ್ಕರೆ ಎಲ್ಲಿದೆ, ಸ್ವಲ್ಪ ನೋಡ್ತೀರಾ’ ಎಂದಳು. ಸಕ್ಕರೆ ಅವಳ ಕೈಯಲ್ಲೇ ಇತ್ತು. ಯಾರೂ ಗದರಲಿಲ್ಲ ಮೇಷ್ಟ್ರೇ, ಅಷ್ಟು ಪ್ರೀತಿಯಿಂದ ಕಳಿಸಿದರು. ಆಗ ಕಿವಿ ಚೆನ್ನಾಗಿತ್ತು. ಅಕ್ಕಿ ಮೂಟೆಗಳ ನಡುವೆ ಕೂತು ಗಟ್ಟಿಮೇಳ ಕೇಳಿದೆ. ಈಗ ನನ್ನ ಮಗನ ಕೈ ಮೇಲೆ ನೀರು ಬೀಳುತ್ತಿದೆ ಎಂದುಕೊಂಡೆ. ಎದುರಿನ ಗೋಡೆಯ ಬೆಳಕಿಂಡಿಯಿಂದ ಒಂದು ಕೋಲು ಬಿಸಿಲು ಇಳಿದಿತ್ತು. ಅದರಲ್ಲಿ ಹಿಟ್ಟಿನ ಧೂಳು ಮೇಲೆ ಕೆಳಗೆ ತೇಲುತ್ತಿತ್ತು. ಆ ಬಿಸಿಲಿನ ಕೆಳಗೆ ಅಂಗೈ ಚಾಚಿ ಕೂತಿದ್ದೆ. ಇಂದಿಗೂ ನನಗೆ ಧಾರೆ ಎಂದರೆ ಬೆಚ್ಚಗಿರುತ್ತದೆ.

ಇದುವರೆಗೆ ಹೇಳಿದ್ದು ಬೇರೆಯವರ ಮಾತು. ಈಗ ನನ್ನದು. ಬಿ.ಎ. ಓದಿದ್ದೇನೆ, ಇದರಲ್ಲಿ ಅರ್ಥವಿಲ್ಲ ಎಂದು ಗೊತ್ತಿದೆ. ಗೊತ್ತಿದ್ದೂ ನಂಬುತ್ತೇನೆ. ನನ್ನ ಕೈ ತಾಗಿ, ನಾಳೆ ಆ ಹುಡುಗಿಯ ಬಾಳಿನಲ್ಲಿ ಒಂದು ಮುಳ್ಳು ಚುಚ್ಚಿದರೂ, ಬೇರೆ ಯಾರೂ ಏನೂ ಅನ್ನದಿದ್ದರೂ, ನಾನು ನನ್ನ ಕೈಯನ್ನೇ ನೋಡಿಕೊಳ್ಳುತ್ತೇನೆ. ಕೇದಾರ ಮೊನ್ನೆ ಬಂದಿದ್ದಾಗ ಇದನ್ನೇ ಹೇಳಿದೆ. ಅವನು ಸ್ಲೇಟಿನ ಮೇಲೆ ದೊಡ್ಡದಾಗಿ ಬರೆದು ತೋರಿಸಿದ: ‘ಅಜ್ಜಿ, ನೀನಿಲ್ಲದಿದ್ದರೆ ನನಗೆ ಧಾರೆ ಬೇಡ.’ ಹೀಗೆ ಹೇಳಿದರೆ ನನ್ನ ಹೆದರಿಕೆ ಹೆಚ್ಚುತ್ತದೆಯೇ ಹೊರತು ಕಡಿಮೆಯಾಗುವುದಿಲ್ಲ ಎಂದು ಅವನಿಗೆ ಗೊತ್ತಿಲ್ಲ.

ನೀವು ಕೇಳಿದಿರಿ, ಹೇಳಿದೆ. ಎರೆಯಲು ಒಪ್ಪಿದ್ದೇನೆ ಎಂದು ತಿಳಿಯಬೇಡಿ. ಧಾರೆಯನ್ನು ನಿಲ್ಲಿಸಬೇಡಿ, ಅಷ್ಟೇ.

ಶ್ರೀರಂಗಮ್ಮ


ಮಲ್ಲಿಪಟ್ಟಣ
೫ ಮೇ ೨೦೨೫

ಬೀಗ್ತಮ್ಮಾರಿಗೆ ಮಾಯಮ್ಮ ಮಾಡೋ ಸರಣು.

ಇದ ನಮ್ ಮೇಷ್ಟ್ರು ಬರೀತಾವ್ರೆ. ನಾ ಏಳಿದಂಗೇ ಬರೀಬೇಕು, ನಡುವೆ ವ್ಯಾಕರಣ ಆಕ್ಕೂಡದು ಅಂತ ಏಳಿವ್ನಿ.

ನಮ್ಮತ್ತೆ ದ್ಯಾವಮ್ಮನ ಎಸ್ರು ಕೇಳಿದ್ರಂತೆ. ಅವಳೂ ಗಂಡ ಇಲ್ದೋಳೇ. ನನ್ ಮದ್ವೇಲಿ ಅವಳ್ನ ಚಪ್ಪರದಿಂದಾಚೆ ಕೂರ್ಸಿದ್ರು. ಬಾವಿ ತಾವ ಅವರು ದೂರ ನಿಲ್ಸುದ್ರು, ಚಪ್ಪರದ ತಾವ ನಾವೇ ದೂರ ಕೂರ್ಸುದ್ವು. ನಮ್ ಮೇಷ್ಟ್ರು ಬಾವಿ ಕತೆ ಮಾತ್ರ ಬರ್ದವ್ರೆ, ಇದ ಬರ್ದಿಲ್ಲ. ಈಗ ಬರೀರಿ ಅಂದೆ, ಬರೀತಾವ್ರೆ.

ನಾ ನಿಮ್ಗೆ ಒಂದೇ ಕೇಳಾದು. ಕೇದಾರಪ್ಪ ಉಟ್ದಾಗ ಅವನ್ಗೆ ನೀರೆರೆದೋರು ಯಾರು? ಕಾಲ್ ಮ್ಯಾಲೆ ಮಲಗಿಸ್ಕಂಡು, ನೆತ್ತಿಗೆ ಎಣ್ಣೆ ಒತ್ತಿ, ಕಣ್ಗೆ ನೀರು ಓಗ್ದಂಗೆ ಅಂಗೈ ಅಡ್ಡ ಇಟ್ಕಂಡು ಎರೆದೋರು ನೀವೇ ಅಂತ ನಿಮ್ ಸೊಸೆ ಅವತ್ತು ಏಳ್ತಿದ್ರು. ಆಗ್ಲೂ ನಿಮ್ಗೆ ಗಂಡ ಇರ್ನಿಲ್ಲ. ಆ ಮಗೀಗೆ ಏನಾಯ್ತು? ಆರಡಿ ಬೆಳ್ದು, ನನ್ ಮೊಮ್ಮಗಳ್ನ ತಕ್ಕಂಡೋಯ್ತಾ ಅವ್ನೆ. ಮೈಗೆ ಎರೆದ್ರೆ ಸರಿ, ಕೈಗೆ ಎರೆದ್ರೆ ತಪ್ಪಾ? ಅದ್ಯಾವ ಸೀಮೆ ನ್ಯಾಯ?

ಎದರ್ಕೆ ಇದ್ರೆ ಇರ್ಲಿ. ಎದರ್ಕಂಡೇ ಎರೀರಿ. ನಾನೂ ಎದರ್ಕಂಡೇ ಏಳು ಮಕ್ಳ ಎತ್ತೆ.

ಕೋಸು ತರ್ಸಿವ್ನಿ.

ಮಾಯಮ್ಮ

(ಚೆನ್ನಯ್ಯ: ಅವಳು ಹೇಳಿದ್ದರಲ್ಲಿ ಒಂದಕ್ಷರವೂ ನನ್ನದಿಲ್ಲ. ನನ್ನ ತಾಯಿಯನ್ನು ಚಪ್ಪರದಾಚೆ ಕೂರಿಸಿದ್ದು ನಿಜ. ಅವತ್ತು ಮದುಮಗ ನಾನೇ, ತಿರುಗಿಯೂ ನೋಡಲಿಲ್ಲ. ಬಿಂದಿಗೆ ಎರಡು ಇರುತ್ತವೆ. ನೀವು ಬಂದರೂ, ಬಾರದಿದ್ದರೂ.)


ಹೊಳೆನರಸೀಪುರ
೧೮ ಮೇ ೨೦೨೫

ಮೇಷ್ಟ್ರೇ, ಮಾಯಮ್ಮನವರೇ,

ಮಾಯಮ್ಮನವರ ಕಾಗದಕ್ಕೆ ನಾನು ಉತ್ತರ ಬರೆಯಲಿಲ್ಲ. ಅದನ್ನು ಮಗನ ಮೇಜಿನ ಮೇಲೆ ಇಟ್ಟು ಬಂದೆ. ಅವನು ಓದಿದನೋ ಇಲ್ಲವೋ ಹೇಳಲಿಲ್ಲ. ನರಸಿಂಹ ಜಯಂತಿಯ ಸಂಜೆ ದೇವಸ್ಥಾನದಿಂದ ಬಹಳ ಹೊತ್ತಾದರೂ ಬರಲಿಲ್ಲ. ಬಂದಾಗ ಪಂಚೆ ಮೊಣಕಾಲವರೆಗೆ ಒದ್ದೆ, ಹೆಗಲ ಮೇಲೆ ಹೇಮಾವತಿ. ಬಿಂದಿಗೆಯನ್ನು ನನ್ನ ಮಂಚದ ಪಕ್ಕ ಇಳಿಸಿ, ನನಗೆ ಕೇಳುವುದಿಲ್ಲ ಎಂಬುದನ್ನು ಮರೆತು ಏನೇನೋ ಹೇಳಿದ. ತುಟಿ ನೋಡಿ ಅರ್ಥವಾದದ್ದು ‘ಉಗ್ರಾಣ’ ಎಂಬ ಒಂದು ಮಾತು. ಅವನಿಗೂ ಅದು ಗೊತ್ತಿತ್ತು ಎಂದಾಯಿತು.

ಮದುವೆ ನೀವೂ ನೋಡಿದ್ದೀರಿ. ಆದರೆ ನನ್ನ ಹಾಗೆ ನೋಡಿರಲಾರಿರಿ. ನಿಮಗೆ ಸದ್ದು ಅಡ್ಡ ಬಂದಿರುತ್ತದೆ. ನನಗೆ ಎಲ್ಲವೂ ನೀರಿನೊಳಗೆ ನಡೆದಂತಿತ್ತು. ಭಂತೇಜಿಯವರ ತುಟಿ ನಿಧಾನವಾಗಿ ತೆರೆದು ಮುಚ್ಚುತ್ತಿತ್ತು. ಬಿಳಿಯ ಸೀರೆಯ ಆ ಹುಡುಗಿಯೂ, ಬಿಳಿಯ ಪಂಚೆಯ ನನ್ನ ಹುಡುಗನೂ ಬೆಳಕಿನಲ್ಲಿ ಎಲ್ಲಿ ಮುಗಿದು ಎಲ್ಲಿ ಶುರುವಾಗುತ್ತಾರೆಂದು ತಿಳಿಯುತ್ತಿರಲಿಲ್ಲ. ಮೇಲಿನಿಂದ ಎಸಳು ಬೀಳುತ್ತಲೇ ಇತ್ತು. ಅಕ್ಕಿಯಾದರೆ ಸಿಡಿಯುತ್ತದೆ, ಎಸಳು ಯೋಚನೆ ಮಾಡುತ್ತಾ ಇಳಿಯುತ್ತದೆ. ನಾಗಸ್ವರ ಕೇಳಲಿಲ್ಲ, ಡೋಲು ಮಾತ್ರ ಎದೆಗೆ ತಾಗಿತು. ಅದರಿಂದಲೇ ಹೊತ್ತು ಬಂತೆಂದು ತಿಳಿಯಿತು.

ನಾನು ಗೋಡೆಯ ಪಕ್ಕದ ಕುರ್ಚಿಯಲ್ಲೇ ಇದ್ದೆ. ಯಾರೂ ಕರೆಯಲಿಲ್ಲ. ಮಾಯಮ್ಮನವರೇ, ನೀವು ಬಂದು ಎಳೆದೊಯ್ಯುತ್ತೀರಿ ಎಂದು ಕಾದೆ. ನೀವು ಎಲೆ ಅಡಿಕೆ ಹಾಕಿಕೊಂಡು ಬೇರೆ ಕಡೆ ನೋಡುತ್ತಾ ಕೂತಿದ್ದಿರಿ, ಬೇಕೆಂದೇ. ವೇದಿಕೆಯ ಮೇಲೆ ಮೇಷ್ಟ್ರು ಒಂದು ಬಿಂದಿಗೆ ಹಿಡಿದು ನಿಂತಿದ್ದರು, ಇನ್ನೊಂದು ನೆಲದ ಮೇಲಿತ್ತು. ಮಕ್ಕಳು ಕೈ ಜೋಡಿಸಿ, ಕಾಯಿ ಹಿಡಿದು ಕಾಯುತ್ತಿದ್ದರು. ಕೊನೆಗೆ ನಾನೇ ಎದ್ದೆ. ಆ ಸಾಲುಗಳ ನಡುವೆ ನಡೆದದ್ದು ನೆನಪಿಲ್ಲ. ಬಿಂದಿಗೆ ಭಾರವಾಗಿತ್ತು, ಅದು ನೆನಪಿದೆ. ಮೇಷ್ಟ್ರೇ, ನೀವು ಕಣ್ಣು ಮುಚ್ಚಿಬಿಟ್ಟಿರಿ, ಆದ್ದರಿಂದ ಹೇಳುತ್ತೇನೆ: ನಿಮ್ಮ ಎಳೆ ನೆಟ್ಟಗೆ ಇಳಿಯಿತು. ನನ್ನದು ವಾಲಿ ಅರ್ಧ ಕೇದಾರನ ಪಂಚೆಯ ಮೇಲೆ ಹೋಯಿತು. ಅವನು ನಕ್ಕ. ಅವಳು ನಗಲಿಲ್ಲ. ಜೋಡಿಸಿದ ಕೈಯನ್ನು ಸ್ವಲ್ಪ ಸರಿಸಿ ನನ್ನ ನೀರಿನ ಕೆಳಗೆ ತಂದಳು.

ಹೆದರಿಕೆ ಹೋಗಿದೆ ಎಂದು ಸುಳ್ಳು ಹೇಳುವುದಿಲ್ಲ. ಸೊಸೆಯ ಫೋನಿನಿಂದ ದಿನವೂ ‘ಇಬ್ಬರೂ ಹೇಗಿದ್ದೀರಿ’ ಎಂದು ಮೆಸೇಜು ಕಳಿಸುತ್ತೇನೆ. ಬುಧವಾರ ಶೋಭಿತಾಗೆ ನೆಗಡಿ ಎಂದು ಬಂತು. ಊಟ ಸೇರಲಿಲ್ಲ. ಸಂಜೆಗೆ ಅವಳೇ ಬರೆದಳು: ‘ಅಜ್ಜಿ, ಮದುವೆ ದಿನ ಮೂರು ಐಸ್‌ಕ್ರೀಮ್ ತಿಂದೆ. ತಪ್ಪು ನನ್ನದು, ಹೊಳೆಯದಲ್ಲ.’

ಬೀದಿಯಲ್ಲಿ ಕೆಲವರು ಮಾತಾಡುತ್ತಿದ್ದಾರಂತೆ. ಕಿವುಡಾಗಿರುವುದರ ಲಾಭವನ್ನು ನಾನು ಈಗ ಪೂರ್ತಿ ಪಡೆಯುತ್ತಿದ್ದೇನೆ.

ನಿನ್ನೆ ಮಧ್ಯಾಹ್ನ ಹಿತ್ತಲ ಬಾಗಿಲಿನಿಂದ ಕಮಲಾಕ್ಷಮ್ಮ ಬಂದಳು. ಹಿಂದಿನ ಬೀದಿಯವಳು. ಇಪ್ಪತ್ತೈದಕ್ಕೇ ಗಂಡನನ್ನು ಕಳೆದುಕೊಂಡವಳು. ಇಷ್ಟು ವರ್ಷ ಮಾತಾಡಿದ್ದು ಹೂವು, ಹುಣಸೆಹಣ್ಣಿನ ವಿಷಯ ಮಾತ್ರ. ನನ್ನ ಸ್ಲೇಟು ತೆಗೆದುಕೊಂಡು ಬರೆದಳು: ‘ಶ್ರಾವಣದಲ್ಲಿ ಮೊಮ್ಮಗಳ ಮದುವೆ. ಅಜ್ಜೀ ನೀನೇ ಎರೆಯಬೇಕು ಅಂತ ನನ್ನ ಹತ್ರ ಹಟ ಮಾಡ್ತಿದ್ದಾಳೆ.’ ಅದನ್ನು ಸೆರಗಿನಿಂದ ಒರೆಸಿ, ಮತ್ತೆ ಬರೆದಳು: ‘ಹೇಗೆ ಎರೆಯೋದು?’

ನಾನು ಬಚ್ಚಲಿನ ಹಂಡೆಯಿಂದ ಒಂದು ಚೊಂಬು ನೀರು ತಂದೆ. ಹಿತ್ತಲ ಕಲ್ಲಿನ ಮೇಲೆ ಇಬ್ಬರೂ ಕೂತೆವು. ಮೊದಲು ಅವಳ ಅಂಗೈಗಳನ್ನು ಜೋಡಿಸಿ ನಾನು ಎರೆದೆ. ಅವಳು ಬಹಳ ಹೊತ್ತು ತನ್ನ ಕೈಯನ್ನೇ ನೋಡುತ್ತಿದ್ದಳು. ಆಮೇಲೆ ಚೊಂಬು ಅವಳಿಗೆ ಕೊಟ್ಟು ನನ್ನ ಕೈ ಚಾಚಿದೆ. ಎಳೆ ಕಡಿಯಬಾರದು, ಸಣ್ಣಗಿದ್ದರೂ ಪರವಾಗಿಲ್ಲ ಎಂದೆ. ಅವಳು ಎರೆದ ನೀರೆಲ್ಲ ನನ್ನ ಮಡಿಲಿಗೆ ಬಿತ್ತು. ಇನ್ನೊಂದು ಚೊಂಬು ತಂದೆವು. ಅದೂ ಮಡಿಲಿಗೇ ಬಿತ್ತು.

ಹಂಡೆ ಖಾಲಿಯಾಗುವವರೆಗೆ ಎರೆದುಕೊಂಡೆವು.

ಶ್ರೀರಂಗಮ್ಮ